ಸುಮೇರೋಗ್ರಾಮ್

ಸುಮೇರೋಗ್ರಾಮ್ ಎಂದರೆ ಸುಮೇರಿಯನ್ ಭಾಷೆಯ ಪದವೊಂದನ್ನು ಸೂಚಿಸುವ ಬೆಣೆಲಿಪಿಯ (ಕ್ಯೂನಿಫಾರ್ಮ್ ಲಿಪಿಯ) ಚಿಹ್ನೆ ಅಥವಾ ಚಿಹ್ನೆಗಳ ಗುಂಪು ಬೇರೊಂದು ಭಾಷೆಯ ಬರಹದಲ್ಲಿ ಅದೇ ಅರ್ಥಕ್ಕೆ ಬಳಕೆಯಾಗಿರುವುದು. ಚಿಹ್ನೆ ಸುಮೇರಿಯನ್ನರದು, ಅರ್ಥ ಎರಡೂ ಭಾಷೆಗಳಿಗೆ ಸಮಾನ, ಆದರೆ ಉಚ್ಚಾರಣೆ ಬರೆಯುವವನ ಭಾಷೆಯದು. ಅಕ್ಕಾಡಿಯನ್, ಎಬ್ಲಾಯಿಟ್, ಹಿಟ್ಟೈಟ್, ಹುರಿಯನ್, ಎಲಾಮೈಟ್, ಉರಾರ್ತಿಯನ್ ಮೊದಲಾದ ಪ್ರಾಚೀನ ಪಶ್ಚಿಮ ಏಷ್ಯಾದ ಭಾಷೆಗಳ ಬರಹಗಳಲ್ಲಿ ಈ ಪದ್ಧತಿ ಕಾಣುತ್ತದೆ.

ಉದಾಹರಣೆಗೆ, ಅರಸ ಎಂಬ ಅರ್ಥದ ಸುಮೇರಿಯನ್ ಪದ “ಲುಗಲ್”. “ಲು” ಎಂದರೆ ಮನುಷ್ಯ, “ಗಲ್” ಎಂದರೆ ದೊಡ್ಡ. ಬ್ಯಾಬಿಲೋನಿನ ಲಿಪಿಕಾರನು ಈ ಚಿಹ್ನೆಯನ್ನು ಬರೆದು ‘ಶರ್ರುಮ್’ ಎಂದು ಓದುತ್ತಿದ್ದನು. ಅನಟೋಲಿಯದ ಹಿಟ್ಟೈಟ್ ಲಿಪಿಕಾರನು ಅದನ್ನೇ ಬರೆದು ‘ಹಶ್ಶುಶ್’ ಎಂದು ಓದುತ್ತಿದ್ದನು. ಫಲಕದ ಮೇಲೆ ಇಬ್ಬರದೂ ಒಂದೇ ಬರಹ. ಕಿವಿಗೆ ಬೀಳುತ್ತಿದ್ದವು ಒಂದಕ್ಕೊಂದು ಸಂಬಂಧವಿಲ್ಲದ ಎರಡು ಪದಗಳು.

ಈ ವ್ಯವಹಾರ ಮೊದಲ ನೋಟಕ್ಕೆ ವಿಚಿತ್ರವೆನಿಸಿದರೂ ಅಂಕಿಗಳನ್ನು ಬಳಸುವ ಎಲ್ಲರಿಗೂ ಪರಿಚಿತವಾದದ್ದೇ. 5 ಎಂಬ ಅಂಕಿಯನ್ನು ಕನ್ನಡಿಗರು ಐದು ಎಂದೂ ಹಿಂದಿಯವರು ಪಾಂಚ್ ಎಂದೂ ಓದುತ್ತಾರೆ. ಅಂಕಿಯಲ್ಲಿ ಧ್ವನಿಯಿಲ್ಲ, ಅರ್ಥ ಮಾತ್ರವಿದೆ. ‘5ನೆಯ’ ಎಂದು ಬರೆದಾಗ ಅಂಕಿಯ ಮುಂದಿನ ‘ನೆಯ’ ಎಂಬುದು ಓದುಗನಿಗೆ ‘ಐದನೆಯ’ ಎಂಬ ರೂಪವನ್ನು ಸೂಚಿಸುತ್ತದೆ. ಬೆಣೆಲಿಪಿಯ ಲಿಪಿಕಾರರು ಅಂಕಿಗಳಿಗಷ್ಟೇ ಅಲ್ಲದೆ ಅರಸ, ದೇವರು, ಮನೆ, ಕುದುರೆ, ರೊಟ್ಟಿ ಮೊದಲಾದ ನೂರಾರು ಪದಗಳಿಗೂ ಇದೇ ಉಪಾಯವನ್ನು ಅನ್ವಯಿಸಿದ್ದರು.

ಹೆಸರು ಮತ್ತು ಲಿಪ್ಯಂತರ

ಹೆಸರಿನ ಉತ್ತರಾರ್ಧವು ಬರಹ, ಅಕ್ಷರ ಎಂಬ ಅರ್ಥದ ಗ್ರೀಕ್ ಪದದಿಂದ ಬಂದಿದೆ. ವಿದ್ವಾಂಸರು ರೋಮನ್ ಲಿಪಿಯಲ್ಲಿ ಸುಮೇರೋಗ್ರಾಮ್‌ಗಳನ್ನು ದೊಡ್ಡಕ್ಷರಗಳಲ್ಲಿ ಬರೆದು, ಒಂದಕ್ಕಿಂತ ಹೆಚ್ಚು ಚಿಹ್ನೆಗಳಿದ್ದರೆ ನಡುವೆ ಚುಕ್ಕಿ ಇಡುತ್ತಾರೆ. ಕನ್ನಡ ಲಿಪಿಯಲ್ಲಿ ದೊಡ್ಡಕ್ಷರ, ಚಿಕ್ಕಕ್ಷರ ಎಂಬ ಭೇದವಿಲ್ಲದ ಕಾರಣ ಈ ಲೇಖನದಲ್ಲಿ ಸುಮೇರಿಯನ್ ಚಿಹ್ನೆಗಳನ್ನು “ಜೋಡಿ ಉದ್ಧರಣ ಚಿಹ್ನೆ”ಗಳಲ್ಲಿಯೂ ಇತರ ಭಾಷೆಗಳ ಓದನ್ನು ‘ಒಂಟಿ ಉದ್ಧರಣ ಚಿಹ್ನೆ’ಗಳಲ್ಲಿಯೂ ಕೊಡಲಾಗಿದೆ.

ಚಿಹ್ನೆಗಳಿಗೆ ಇಂದು ಕೊಡುವ ಸುಮೇರಿಯನ್ ಹೆಸರುಗಳು ವಿದ್ವಾಂಸರ ನಡುವಿನ ಒಪ್ಪಂದವೇ ಹೊರತು ಬದಲಾಗದ ಸತ್ಯಗಳಲ್ಲ. ಹೆಣ್ಣು ಎಂಬ ಅರ್ಥದ ಚಿಹ್ನೆ ಹಳೆಯ ಗ್ರಂಥಗಳಲ್ಲಿ “ಸಲ್” ಎಂದಿರುತ್ತದೆ. ಈಗಿನ ಗ್ರಂಥಗಳಲ್ಲಿ ಅದೇ “ಮುನುಸ್” ಆಗಿದೆ. ಹಳೆಯ ಮತ್ತು ಹೊಸ ಪುಸ್ತಕಗಳನ್ನು ಒಟ್ಟಿಗೆ ಇಟ್ಟುಕೊಂಡು ಓದುವವರು ಇದನ್ನು ಗಮನಿಸಬೇಕು.

ಹಿನ್ನೆಲೆ

ಮೆಸೊಪೊಟೇಮಿಯದ ದಕ್ಷಿಣ ಭಾಗದ ಉರುಕ್ ನಗರದಲ್ಲಿ ಕ್ರಿ.ಪೂ. ನಾಲ್ಕನೆಯ ಸಹಸ್ರಮಾನದ ಕೊನೆಯ ಶತಮಾನಗಳಲ್ಲಿ ಜೇಡಿಮಣ್ಣಿನ ಫಲಕಗಳ ಮೇಲೆ ಬರಹ ಆರಂಭವಾಯಿತು. ಆ ಕಾಲದ ಫಲಕಗಳಲ್ಲಿ ಹೆಚ್ಚಿನವು ಧಾನ್ಯ, ಕುರಿ, ದುಡಿಮೆಯ ಆಳುಗಳ ಲೆಕ್ಕಪತ್ರಗಳು. ಲೆಕ್ಕಕ್ಕೆ ವ್ಯಾಕರಣ ಬೇಕಿಲ್ಲ. ಒಂದು ವಸ್ತುವಿಗೆ ಒಂದು ಚಿಹ್ನೆ, ಪಕ್ಕದಲ್ಲಿ ಎಣಿಕೆ ಇದ್ದರೆ ಸಾಕು. ಹೀಗಾಗಿ ಈ ಲಿಪಿ ಹುಟ್ಟಿನಿಂದಲೇ ಪದಗಳ ಲಿಪಿಯಾಗಿತ್ತು. ಧ್ವನಿಯನ್ನು ಬರೆಯುವ ಕ್ರಮ ಅನಂತರ ಬೆಳೆಯಿತು: ಬಾಯಿ ಎಂಬ ಅರ್ಥದ “ಕ” ಚಿಹ್ನೆಯನ್ನು ‘ಕ’ ಎಂಬ ಧ್ವನಿಗೂ, ಆಕಾಶ ಎಂಬ ಅರ್ಥದ “ಅನ್” ಚಿಹ್ನೆಯನ್ನು ‘ಅನ್’ ಎಂಬ ಧ್ವನಿಗೂ ಬಳಸತೊಡಗಿದರು.

ಸುಮೇರಿಯನ್ ಭಾಷೆಗೆ ಬಂಧುಗಳೆಂದು ಸಿದ್ಧವಾದ ಯಾವ ಭಾಷೆಯೂ ಇಲ್ಲ. ಅದರಲ್ಲಿ ಪ್ರಕೃತಿಯು ಬಹುಮಟ್ಟಿಗೆ ಬದಲಾಗದೆ ಉಳಿದು ಪ್ರತ್ಯಯಗಳು ಒಂದರ ಹಿಂದೊಂದು ಅಂಟಿಕೊಳ್ಳುತ್ತವೆ. ಕ್ರಿಯಾಪದ ವಾಕ್ಯದ ಕೊನೆಗೆ ಬರುತ್ತದೆ. ಕನ್ನಡದ ರಚನೆಯೂ ಹೀಗೆಯೇ ಇದೆ. ಆದರೆ ರಚನೆಯ ಹೋಲಿಕೆಯೊಂದರಿಂದಲೇ ರಕ್ತಸಂಬಂಧವನ್ನು ಊಹಿಸುವ ಬರಹಗಳನ್ನು ಭಾಷಾಶಾಸ್ತ್ರವು ಒಪ್ಪಿಲ್ಲ. ಟರ್ಕಿಶ್ ಮತ್ತು ಜಪಾನಿ ಭಾಷೆಗಳೂ ಇದೇ ರಚನೆಯವು. ಇಲ್ಲಿ ಮುಖ್ಯವಾದ ಸಂಗತಿ ಬೇರೆ. ಪ್ರಕೃತಿ ಬದಲಾಗದ ಭಾಷೆಗೆ ‘ಒಂದು ಪದ, ಒಂದು ಚಿಹ್ನೆ’ ಎಂಬ ಬರಹ ಚೆನ್ನಾಗಿ ಹೊಂದುತ್ತದೆ.

ಅಕ್ಕಾಡಿಯನ್ ಭಾಷೆ ಹಾಗಲ್ಲ. ಅರಬ್ಬಿ, ಹೀಬ್ರೂಗಳಂತೆ ಅದು ಸೆಮಿಟಿಕ್ ಕುಟುಂಬದ್ದು. ಅಲ್ಲಿ ಧಾತು ಮೂರು ವ್ಯಂಜನಗಳ ಒಂದು ಚೌಕಟ್ಟು. ಸ್ವರಗಳು ಅದರೊಳಗೆ ಬದಲಾಗುತ್ತ ಹೋಗುತ್ತವೆ. ‘ಇಪ್ರುಸ್’ ಎಂದರೆ ಬೇರ್ಪಡಿಸಿದನು, ‘ಇಪರ್ರಸ್’ ಎಂದರೆ ಬೇರ್ಪಡಿಸುತ್ತಾನೆ. ಈ ಬದಲಾವಣೆ ಪದಚಿಹ್ನೆಯಲ್ಲಿ ಕಾಣುವುದಿಲ್ಲ. ಆದ್ದರಿಂದ ಕ್ರಿ.ಪೂ. ಮೂರನೆಯ ಸಹಸ್ರಮಾನದಲ್ಲಿ ಅಕ್ಕಾಡಿಯನ್ನರು ಸುಮೇರಿಯನ್ನರ ಲಿಪಿಯನ್ನು ತೆಗೆದುಕೊಂಡಾಗ ಧ್ವನಿಚಿಹ್ನೆಗಳನ್ನು ವಿಸ್ತಾರವಾಗಿ ಬೆಳೆಸಿದರು. ಅಷ್ಟಾದ ಮೇಲೆ ಪದಚಿಹ್ನೆಗಳನ್ನು ಕೈಬಿಡಬಹುದಿತ್ತು, ಅವರು ಬಿಡಲಿಲ್ಲ.

ಇದಕ್ಕೆ ಸಾಮಾನ್ಯವಾಗಿ ಕೊಡುವ ಕಾರಣ ಸಂಕ್ಷಿಪ್ತತೆ. ‘ಶರ್ರುಮ್’ ಎಂದು ಧ್ವನಿಯಲ್ಲಿ ಬರೆಯಲು ಶರ್, ರು, ಉಮ್ ಎಂಬ ಮೂರು ಚಿಹ್ನೆಗಳು ಬೇಕು. “ಲುಗಲ್” ಒಂದೇ ಚಿಹ್ನೆ. ಇದು ನಿಜವಾದರೂ ಪೂರ್ಣ ಉತ್ತರವಲ್ಲ. ಸಂಕ್ಷಿಪ್ತತೆಯ ಅಗತ್ಯ ಎಲ್ಲರಿಗಿಂತ ಹೆಚ್ಚಾಗಿ ವ್ಯಾಪಾರಿಗಳಿಗಿರಬೇಕಿತ್ತು. ಆದರೆ ಕ್ರಿ.ಪೂ. 19ನೆಯ ಶತಮಾನದಲ್ಲಿ ಅನಟೋಲಿಯದ ಕಾನೇಶ್ (ಇಂದಿನ ಕುಲ್ತೆಪೆ) ಪಟ್ಟಣದಲ್ಲಿ ನೆಲೆಸಿದ್ದ ಅಸ್ಸೀರಿಯನ್ ವರ್ತಕರ ಪತ್ರಗಳಲ್ಲಿ ಸುಮೇರೋಗ್ರಾಮ್‌ಗಳು ಕಡಿಮೆ. ಬೆಳ್ಳಿ, ತವರ, ತೂಕದ ಮಾನ ಮೊದಲಾದ ವ್ಯವಹಾರದ ಕೆಲವು ಪದಗಳನ್ನು ಬಿಟ್ಟರೆ ಉಳಿದುದೆಲ್ಲ ಧ್ವನಿಯಲ್ಲೇ ಇದೆ. ಇದಕ್ಕೆ ತದ್ವಿರುದ್ಧವಾಗಿ ಕ್ರಿ.ಪೂ. ಮೊದಲ ಸಹಸ್ರಮಾನದ ಶಕುನಶಾಸ್ತ್ರ, ಜ್ಯೋತಿಷ ಮತ್ತು ವೈದ್ಯಗ್ರಂಥಗಳಲ್ಲಿ ಸಾಲಿಗೆ ಸಾಲೇ ಸುಮೇರೋಗ್ರಾಮ್‌ಗಳಿಂದ ತುಂಬಿರುತ್ತದೆ. ‘ಒಬ್ಬ ಮನುಷ್ಯನು ಹೀಗಿದ್ದರೆ’ ಎಂದು ಆರಂಭವಾಗುವ ವಾಕ್ಯ ಅಲ್ಲಿ “ದಿಶ್ ನ” ಎಂಬ ಎರಡು ಚಿಹ್ನೆಗಳಲ್ಲಿ ಮುಗಿಯುತ್ತದೆ. ಓದುವಾಗ ಅದು ‘ಶುಮ್ಮ ಅಮೀಲು’. ಪದಚಿಹ್ನೆಗಳು ಹೆಚ್ಚಿದಂತೆ ಓದಬಲ್ಲವರ ಸಂಖ್ಯೆ ಕಡಿಮೆಯಾಗುತ್ತಿತ್ತು ಎಂಬುದನ್ನು ಗಮನಿಸಿದರೆ, ಈ ಪದ್ಧತಿ ವಿದ್ವತ್ತಿನ ಗುರುತೂ ಆಗಿತ್ತೆಂದು ಭಾವಿಸಬೇಕಾಗುತ್ತದೆ. ಕ್ರಿ.ಪೂ. 2000ದ ಆಸುಪಾಸಿನಲ್ಲಿ ಸುಮೇರಿಯನ್ ಆಡುನುಡಿಯಾಗಿ ಅಳಿಯುತ್ತ ಬಂದಿತ್ತು. ಅನಂತರವೂ ಸುಮಾರು ಎರಡು ಸಾವಿರ ವರ್ಷ ಅದು ದೇವಾಲಯ ಮತ್ತು ಪಾಠಶಾಲೆಗಳ ಭಾಷೆಯಾಗಿ ಉಳಿಯಿತು.

ಸಿರಿಯಾದ ಎಬ್ಲಾ ನಗರದ ಅರಮನೆಯಲ್ಲಿ ಪಾವೊಲೊ ಮತ್ತಿಯೆ ನೇತೃತ್ವದ ಇಟಲಿಯ ತಂಡಕ್ಕೆ 1970ರ ದಶಕದ ಮಧ್ಯಭಾಗದಲ್ಲಿ ದೊರೆತ ಪತ್ರಾಗಾರವು ಈ ಪದ್ಧತಿಯ ಪ್ರಾಚೀನತೆಯನ್ನು ತೋರಿಸಿತು. ಕ್ರಿ.ಪೂ. 24ನೆಯ ಶತಮಾನದಷ್ಟು ಹಳೆಯ ಆ ಫಲಕಗಳಲ್ಲಿ ಸುಮೇರೋಗ್ರಾಮ್‌ಗಳು ದಟ್ಟವಾಗಿವೆ. ಅವುಗಳ ನಡುವೆ ಇಣುಕುವ ಪ್ರತ್ಯಯಗಳು ಮತ್ತು ಹೆಸರುಗಳಿಂದಲೇ ಕೆಳಗಿರುವುದು ಸೆಮಿಟಿಕ್ ಭಾಷೆ ಎಂದು ತಿಳಿಯುತ್ತದೆ. ಸುಮೇರಿಯನ್ ಪದಗಳಿಗೆ ಎದುರಾಗಿ ಎಬ್ಲಾಯಿಟ್ ಪದಗಳನ್ನು ಕೊಡುವ ಪಟ್ಟಿಗಳೂ ಅಲ್ಲಿ ದೊರೆತಿವೆ. ಇವು ತಿಳಿದಿರುವ ದ್ವಿಭಾಷಾ ಪದಕೋಶಗಳಲ್ಲಿ ಅತ್ಯಂತ ಹಳೆಯವು.

ಎರವಲು ಪದಕ್ಕಿಂತ ಭಿನ್ನ

ಸುಮೇರೋಗ್ರಾಮ್ ಎರವಲು ಪದವಲ್ಲ. ಎರವಲು ಪದ ಬಾಯಿಂದ ಬಾಯಿಗೆ ಬರುತ್ತದೆ. ಸುಮೇರೋಗ್ರಾಮ್ ಬರಹದಲ್ಲಷ್ಟೇ ಇರುತ್ತದೆ. ಸುಮೇರಿಯನ್ನಿನಲ್ಲಿ “ಎ” ಎಂದರೆ ಮನೆ, “ಎ.ಗಲ್” ಎಂದರೆ ದೊಡ್ಡ ಮನೆ, ಅಂದರೆ ಅರಮನೆ. “ಎ” ಚಿಹ್ನೆಯನ್ನು ಅಕ್ಕಾಡಿಯನ್ನಿನಲ್ಲಿ ‘ಬೀತುಮ್’ ಎಂದು ಓದುತ್ತಿದ್ದರು. ಇದು ಶುದ್ಧ ಸುಮೇರೋಗ್ರಾಮ್. “ಎ.ಗಲ್” ಅನ್ನು ಓದುತ್ತಿದ್ದುದು ‘ಎಕಲ್ಲುಮ್’ ಎಂದು, ಇಲ್ಲಿ ಸುಮೇರಿಯನ್ ಪದವೇ ಮಾತಿಗೂ ಇಳಿದಿದೆ. ಇದೇ ಪದ ಮುಂದೆ ಹೀಬ್ರೂವಿನಲ್ಲಿ ‘ಹೇಖಾಲ್’, ಅರಬ್ಬಿಯಲ್ಲಿ ‘ಹೈಕಲ್’ ಆಗಿ ದೇವಾಲಯ ಎಂಬ ಅರ್ಥವನ್ನೂ ಪಡೆಯಿತು. ಲಿಪಿಕಾರ ಎಂಬ ಅರ್ಥದ “ದುಬ್.ಸರ್” ಅಕ್ಕಾಡಿಯನ್ನಿನಲ್ಲಿ ‘ತುಪ್ಶರ್ರುಮ್’ ಆದುದೂ ಹೀಗೆಯೇ. ವರ್ತಕ ಎಂಬ ಅರ್ಥದ “ದಮ್.ಗರ್” ಇನ್ನೂ ಕುತೂಹಲಕರ. ಅದು ಮೂಲತಃ ಅಕ್ಕಾಡಿಯನ್ನಿನ ‘ತಮ್ಕಾರುಮ್’ ಎಂಬುದರಿಂದ ಸುಮೇರಿಯನ್ನಿಗೆ ಹೋದ ಪದ. ಅಕ್ಕಾಡಿಯನ್ ಲಿಪಿಕಾರರು ತಮ್ಮದೇ ಪದದ ಸುಮೇರಿಯನ್ ವೇಷವನ್ನು ಮತ್ತೆ ಸುಮೇರೋಗ್ರಾಮ್ ಆಗಿ ಬಳಸಿದರು.

ಇಂತಹ ಪದ್ಧತಿ ಬೆಣೆಲಿಪಿಗಷ್ಟೇ ಸೀಮಿತವಲ್ಲ. ಇರಾನಿನ ಪಹ್ಲವಿ ಬರಹದಲ್ಲಿ ರೊಟ್ಟಿಗೆ ‘ಲಹ್ಮಾ’ ಎಂಬ ಅರಮೇಯಿಕ್ ಪದವನ್ನು ಬರೆದು ‘ನಾನ್’ ಎಂದೂ, ಅರಸನಿಗೆ ‘ಮಲ್ಕಾ’ ಎಂದು ಬರೆದು ‘ಶಾಹ್’ ಎಂದೂ ಓದುತ್ತಿದ್ದರು. ಜಪಾನೀಯರು ಇಂದಿಗೂ ಬೆಟ್ಟದ ಚೀನೀ ಅಕ್ಷರವನ್ನು ಬರೆದು ‘ಯಾಮಾ’ ಎಂದು ಓದುತ್ತಾರೆ.

ಒಂದು ಚಿಹ್ನೆ, ಹಲವು ಓದು

ಓದುಗನ ಮುಂದಿದ್ದ ನಿಜವಾದ ತೊಡಕು ಒಂದೇ ಚಿಹ್ನೆಗೆ ಇದ್ದ ಹಲವು ಬೆಲೆಗಳು. ನಕ್ಷತ್ರದ ಚಿತ್ರದಿಂದ ಹುಟ್ಟಿದ ಚಿಹ್ನೆಯನ್ನು ಸುಮೇರಿಯನ್ನರು ಆಕಾಶಕ್ಕೆ “ಅನ್” ಎಂದೂ ದೇವರಿಗೆ “ದಿಂಗಿರ್” ಎಂದೂ ಓದುತ್ತಿದ್ದರು. ಅಕ್ಕಾಡಿಯನ್ನಿನಲ್ಲಿ ಅದೇ ಚಿಹ್ನೆ ‘ಶಮೂ’ (ಆಕಾಶ), ‘ಇಲುಮ್’ (ದೇವರು) ಎಂಬ ಪದಗಳಾಗಬಹುದಿತ್ತು. ‘ಅನ್’, ‘ಇಲ್’ ಎಂಬ ಬರಿಯ ಧ್ವನಿಗಳಾಗಬಹುದಿತ್ತು. ದೇವತೆಯ ಹೆಸರಿನ ಹಿಂದೆ ಉಚ್ಚಾರಣೆಯೇ ಇಲ್ಲದ ಗುರುತೂ ಆಗಬಹುದಿತ್ತು. ತಲೆಯ ಚಿತ್ರದಲ್ಲಿ ಬಾಯಿಯ ಭಾಗವನ್ನು ಗೆರೆಗಳಿಂದ ತೋರಿಸಿ ಮಾಡಿದ “ಕ” ಚಿಹ್ನೆಗೆ ಬಾಯಿ, ಹಲ್ಲು, ಮೂಗು, ಧ್ವನಿ, ಮಾತು, ನುಡಿಯುವುದು ಎಂಬ ಅರ್ಥಗಳಿದ್ದವು. ಒಂದೊಂದಕ್ಕೂ ಸುಮೇರಿಯನ್ನಿನಲ್ಲಿಯೂ ಅಕ್ಕಾಡಿಯನ್ನಿನಲ್ಲಿಯೂ ಬೇರೆ ಬೇರೆ ಪದಗಳು.

ಈ ಗೊಂದಲವನ್ನು ಕಡಿಮೆ ಮಾಡಲು ಲಿಪಿಕಾರರು ಎರಡು ಊರುಗೋಲುಗಳನ್ನು ಬಳಸಿದರು. ಮೊದಲನೆಯದು ಧ್ವನಿಪೂರಕ. “ಕುರ್” ಚಿಹ್ನೆಗೆ ಬೆಟ್ಟ ಎಂಬ ಅರ್ಥವೂ ನಾಡು ಎಂಬ ಅರ್ಥವೂ ಇವೆ. ಅದರ ಮುಂದೆ ‘ಊ’ ಎಂದು ಬರೆದರೆ ‘ಶದೂ’ (ಬೆಟ್ಟ) ಎಂದು ಓದಬೇಕು. ‘ತು’ ಎಂದು ಬರೆದರೆ ‘ಮಾತು’ (ನಾಡು) ಎಂದು ಓದಬೇಕು. ಈ ‘ಮಾತು’ವಿಗೂ ಕನ್ನಡದ ಮಾತಿಗೂ ಸಂಬಂಧವಿಲ್ಲ. ಎರಡನೆಯದು ವರ್ಗಸೂಚಕ: ಮರದ ವಸ್ತುವಿನ ಹಿಂದೆ “ಗಿಶ್”, ಊರಿನ ಹಿಂದೆ “ಉರು”, ವೃತ್ತಿಯ ಹಿಂದೆ “ಲು”, ಕಲ್ಲಿನ ಹಿಂದೆ “ನ”, ಹಕ್ಕಿಯ ಹೆಸರಿನ ಮುಂದೆ “ಮುಶೆನ್”. ಇವನ್ನು ಕಣ್ಣು ನೋಡುತ್ತಿತ್ತು, ಬಾಯಿ ಉಚ್ಚರಿಸುತ್ತಿರಲಿಲ್ಲ. ಬಹುವಚನಕ್ಕೆ “ಮೆಶ್” ಸೇರಿಸುವುದು ಅಥವಾ ಚಿಹ್ನೆಯನ್ನೇ ಎರಡು ಸಲ ಬರೆಯುವುದು ರೂಢಿಯಲ್ಲಿತ್ತು, “ಕುರ್.ಕುರ್” ಎಂದರೆ ನಾಡುಗಳು.

ಹಿಟ್ಟೈಟ್ ಬರಹದಲ್ಲಿ

ಸುಮೇರೋಗ್ರಾಮ್‌ಗಳ ಉಪಕಾರ ಮತ್ತು ಅಪಕಾರಗಳೆರಡೂ ಹಿಟ್ಟೈಟ್ ಭಾಷೆಯಲ್ಲಿ ಎದ್ದು ಕಾಣುತ್ತವೆ. ಹಿಟ್ಟೈಟ್ ಇಂಡೋ-ಯುರೋಪಿಯನ್ ಕುಟುಂಬದ, ಸಂಸ್ಕೃತಕ್ಕೆ ದೂರದ ಬಂಧುವಾದ ಭಾಷೆ. ಅದನ್ನಾಡುವವರು ಬೆಣೆಲಿಪಿಯನ್ನು ಅಕ್ಕಾಡಿಯನ್ ಪಾಠಶಾಲೆಗಳ ಪರಂಪರೆಯಿಂದ ಪಡೆದರು. ಆದ್ದರಿಂದ ಅವರ ಬರಹದಲ್ಲಿ ಸುಮೇರಿಯನ್ ಪದಚಿಹ್ನೆಗಳಷ್ಟೇ ಅಲ್ಲ, ಬರೆದು ಓದದೆ ಬಿಡುವ ಅಕ್ಕಾಡಿಯನ್ ಪದಗಳೂ ಇವೆ. ಇವುಗಳಿಗೆ ಅಕ್ಕಾಡೋಗ್ರಾಮ್ ಎಂದು ಹೆಸರು. ಕೆಲವೊಮ್ಮೆ ಮೂರು ಭಾಷೆಗಳು ಒಂದೇ ಪದದೊಳಗೆ ಸೇರುತ್ತವೆ. “ದಿಂಗಿರ್”-ಲಿಮ್-ಇಶ್ ಎಂಬ ಬರಹದಲ್ಲಿ ಮೊದಲ ಚಿಹ್ನೆ ಸುಮೇರಿಯನ್, ‘ಲಿಮ್’ ಅಕ್ಕಾಡಿಯನ್ ಪದದ ಕೊನೆ, ‘ಇಶ್’ ಹಿಟ್ಟೈಟ್ ಪ್ರಥಮಾ ವಿಭಕ್ತಿಯ ಕೊನೆ. ಓದುವುದು ಮಾತ್ರ ‘ಶಿಉನಿಶ್’ ಎಂಬ ಒಂದು ಹಿಟ್ಟೈಟ್ ಪದವಾಗಿ. ದೇವರು ಎಂಬ ಅರ್ಥದ ಈ ಪದ ಅರಸರ ಸಾವನ್ನು ಹೇಳುವಾಗ ಪದೇ ಪದೇ ಬರುತ್ತದೆ. ಹಿಟ್ಟೈಟ್ ಅರಸನು ಸತ್ತನೆಂದು ಬರೆಯುತ್ತಿರಲಿಲ್ಲ, ದೇವರಾದನೆಂದು ಬರೆಯುತ್ತಿದ್ದರು.

ಹಟ್ಟುಶ ಎಂಬ ರಾಜಧಾನಿಯ ಹೆಸರನ್ನು ಬೆಳ್ಳಿಯ ಸುಮೇರೋಗ್ರಾಮ್ “ಕು.ಬಬ್ಬರ್” ಬಳಸಿ ಬರೆಯುವುದೂ ಉಂಟು. ಊರಿನ ಹೆಸರಿನ ಧ್ವನಿ ಬೆಳ್ಳಿಯನ್ನು ಸೂಚಿಸುವ ಸ್ಥಳೀಯ ಪದವನ್ನು ಹೋಲುತ್ತಿದ್ದುದೇ ಇದಕ್ಕೆ ಕಾರಣವೆಂದು ವಿದ್ವಾಂಸರು ತರ್ಕಿಸಿದ್ದಾರೆ.

ಹಟ್ಟುಶದ ಅವಶೇಷಗಳಿರುವ ಟರ್ಕಿಯ ಬೊಗಾಜ್‌ಕೋಯ್‌ನಲ್ಲಿ 1906ರಿಂದ ನಡೆದ ಉತ್ಖನನದಲ್ಲಿ ಸಾವಿರಾರು ಫಲಕಗಳು ಹೊರಬಂದವು. ಲಿಪಿ ಪರಿಚಿತ, ಭಾಷೆ ಅಪರಿಚಿತ. ಜೆಕ್ ವಿದ್ವಾಂಸ ಬೆದ್ರಿಕ್ ಹ್ರೋಜ್ನಿ 1915ರಲ್ಲಿ ಈ ಭಾಷೆ ಇಂಡೋ-ಯುರೋಪಿಯನ್ ಎಂದು ಘೋಷಿಸಿದರು. ಅವರಿಗೆ ದಾರಿ ತೋರಿದ ವಾಕ್ಯಗಳಲ್ಲಿ ಒಂದರಲ್ಲಿ “ನಿಂದ” ಎಂಬ ಸುಮೇರೋಗ್ರಾಮ್ ಇತ್ತು. ಅದರ ಅರ್ಥ ರೊಟ್ಟಿ ಎಂಬುದು ಸುಮೇರಿಯನ್ ಬಲ್ಲ ಎಲ್ಲರಿಗೂ ತಿಳಿದಿತ್ತು. ಅದರ ಮುಂದಿದ್ದ ‘ಅನ್’ ಎಂಬ ಧ್ವನಿಪೂರಕ ದ್ವಿತೀಯಾ ವಿಭಕ್ತಿಯಂತೆ ಕಂಡಿತು. ರೊಟ್ಟಿಯೊಡನೆ ಬರುವ ಕ್ರಿಯೆ ತಿನ್ನುವುದೇ ಆಗಿರಬೇಕೆಂದು ನೋಡಿದಾಗ ‘ಎಜ್ಜತ್ತೆನಿ’ ಎಂಬ ಪದ ಲ್ಯಾಟಿನ್ನಿನ ‘ಎದೊ’, ಜರ್ಮನ್ನಿನ ‘ಎಸ್ಸೆನ್’ ಪದಗಳನ್ನು ನೆನಪಿಸಿತು; ಸಂಸ್ಕೃತದ ‘ಅದ್’ ಧಾತುವೂ ಇದೇ ಗುಂಪಿನದು. ವಾಕ್ಯದ ಉತ್ತರಾರ್ಧದಲ್ಲಿದ್ದ ‘ವಾತರ್’ ನೀರೆಂದು ತಿಳಿಯಿತು. ಇಂಗ್ಲಿಷಿನ ‘ವಾಟರ್’ ಮತ್ತು ಸಂಸ್ಕೃತದ ‘ಉದಕ’ ಎರಡೂ ಈ ಪದದ ಬಂಧುಗಳು. ರೊಟ್ಟಿಯನ್ನು ಹಿಟ್ಟೈಟರು ತಮ್ಮ ಪದದಲ್ಲೇ ಬರೆದಿದ್ದರೆ ಈ ಬಾಗಿಲು ಇಷ್ಟು ಸುಲಭವಾಗಿ ತೆರೆಯುತ್ತಿರಲಿಲ್ಲ.

ಆದರೆ ಬಾಗಿಲು ತೆರೆದ ಚಿಹ್ನೆಗಳೇ ಬೇರೆ ಕಡೆ ಬಾಗಿಲು ಮುಚ್ಚಿವೆ. ಹಿಟ್ಟೈಟರು ಕುದುರೆಯನ್ನು ಬಹಳವಾಗಿ ಬಳಸಿದ ಜನ. ಅವರ ಫಲಕಗಳಲ್ಲಿ ಕುದುರೆಯ ಪ್ರಸ್ತಾಪ ಹೇರಳವಾಗಿದೆ. ಆದರೂ ಕುದುರೆಗೆ ಹಿಟ್ಟೈಟ್ ಭಾಷೆಯಲ್ಲಿ ಏನೆನ್ನುತ್ತಿದ್ದರೆಂಬುದು ಧ್ವನಿಚಿಹ್ನೆಗಳಲ್ಲಿ ನೇರವಾಗಿ ಕಾಣಸಿಗುವುದಿಲ್ಲ. ಲಿಪಿಕಾರರು ಎಲ್ಲೆಡೆಯೂ “ಅನ್ಶೆ.ಕುರ್.ರ” ಎಂದೇ ಬರೆದಿದ್ದಾರೆ. ಇದರ ಅಕ್ಷರಾರ್ಥ ಬೆಟ್ಟನಾಡಿನ ಕತ್ತೆ. ಕತ್ತೆಯನ್ನು ಮೊದಲು ಕಂಡಿದ್ದ ಸುಮೇರಿಯನ್ನರು ಅನಂತರ ಬಂದ ಕುದುರೆಗೆ ಇಟ್ಟ ಹೆಸರು ಇದು. (ಒಂಟೆಗೆ ಇದೇ ಬಗೆಯಲ್ಲಿ ಕಡಲಿನ ಕತ್ತೆ ಎಂಬ ಅರ್ಥದ “ಅನ್ಶೆ.ಅ.ಅಬ್.ಬ” ಎಂಬ ಬರಹವಿದೆ.) ಮುಂದೆ ಬರುವ ‘ಉಶ್’ ಎಂಬ ಧ್ವನಿಪೂರಕದಿಂದ ಹಿಟ್ಟೈಟ್ ಪದ ಉಕಾರಾಂತವೆಂದು ಮಾತ್ರ ಗೊತ್ತಾಗುತ್ತದೆ. ಸೋದರಭಾಷೆಯಾದ ಲೂವಿಯನ್ನಿನ ಕುದುರೆಯ ಪದ, ಸಂಸ್ಕೃತದ ‘ಅಶ್ವ’ ಮೊದಲಾದವುಗಳನ್ನು ಹೋಲಿಸಿ ಭಾಷಾಶಾಸ್ತ್ರಜ್ಞರು ಆ ಪದವನ್ನು ಊಹಿಸಿ ಕಟ್ಟಿದ್ದಾರೆ.

ಈ ಪ್ರಸಂಗದಲ್ಲಿ ಭಾರತೀಯ ಓದುಗರಿಗೆ ವಿಶೇಷ ಆಸಕ್ತಿಯ ದಾಖಲೆಯೊಂದಿದೆ. ಮಿತಾನಿ ದೇಶದ ಕಿಕ್ಕುಲಿ ಎಂಬ ಕುದುರೆ ಪಳಗಿಸುವವನ ಹೆಸರಿನಲ್ಲಿರುವ ಹಿಟ್ಟೈಟ್ ಭಾಷೆಯ ಕೈಪಿಡಿ ಹಟ್ಟುಶದಲ್ಲಿ ದೊರೆತಿದೆ. ಕುದುರೆಗಳನ್ನು ಎಷ್ಟು ಸುತ್ತು ಓಡಿಸಬೇಕೆಂದು ಹೇಳುವಾಗ ಅದರಲ್ಲಿ ‘ಐಕ’, ‘ತೆರ’, ‘ಪಂಜ’, ‘ಶತ್ತ’, ‘ನ’ ಎಂಬ ಸಂಖ್ಯಾವಾಚಕಗಳು ‘ವರ್ತನ್ನ’ ಎಂಬ ಪದದೊಡನೆ ಸೇರಿ ಬರುತ್ತವೆ. ಇವು ಏಕ, ತ್ರಿ, ಪಂಚ, ಸಪ್ತ, ನವ ಎಂಬ ಸಂಖ್ಯೆಗಳೇ ಎಂಬುದು ಸ್ಪಷ್ಟ. ‘ಸಪ್ತ’ವು ‘ಸತ್ತ’ ಆಗುವುದು ಪ್ರಾಕೃತದಲ್ಲಿಯೂ ಕಾಣುವ ಬದಲಾವಣೆ. ಪರಭಾಷೆಯ ಪಾರಿಭಾಷಿಕ ಪದಗಳಾದ ಕಾರಣ ಲಿಪಿಕಾರನಿಗೆ ಸುಮೇರೋಗ್ರಾಮ್ ಸಿಗಲಿಲ್ಲ. ಕಿವಿಗೆ ಕೇಳಿದಂತೆ ಧ್ವನಿಯಲ್ಲಿ ಬರೆದನು, ಅವು ಉಳಿದವು. ತನ್ನ ಭಾಷೆಯ ಸಂಖ್ಯೆಗಳನ್ನು ಅವನು ಎಲ್ಲರಂತೆ ಅಂಕಿಗಳಲ್ಲಿ ಬರೆದನು. ಹಿಟ್ಟೈಟರು ಐದು, ಹತ್ತು, ನೂರುಗಳಿಗೆ ಏನೆನ್ನುತ್ತಿದ್ದರೆಂಬುದು ಆ ಅಂಕಿಗಳ ಹಿಂದೆ ಮರೆಯಾಗಿದೆ. ಹೀಗೆ ಹಟ್ಟುಶದ ಪತ್ರಾಗಾರವು ಅತಿಥಿಯ ‘ಐದ’ನ್ನು ಉಳಿಸಿಕೊಟ್ಟು ಮನೆಯವರದನ್ನು ಕಳೆದಿದೆ.

ದೇವತೆಗಳ ಮತ್ತು ವ್ಯಕ್ತಿಗಳ ಹೆಸರುಗಳು

ಅಂಕಿತನಾಮಗಳಲ್ಲಿ ಓದಿನ ಸಮಸ್ಯೆ ಇನ್ನಷ್ಟು ತೀವ್ರ. ಗುಡುಗು ಮಳೆಗಳ ದೇವತೆಯ ಸುಮೇರೋಗ್ರಾಮ್ ಅನ್ನು ಬ್ಯಾಬಿಲೋನಿನಲ್ಲಿ ಅದಾದ್, ಹುರಿಯನ್ನರಲ್ಲಿ ತೆಶ್ಶುಬ್, ಹಿಟ್ಟೈಟರಲ್ಲಿ ತರ್ಹುನ್ನ ಎಂದು ಓದಬೇಕು. ಸಿರಿಯಾ ಮತ್ತು ಕಾನಾನಿನ ಪತ್ರಗಳಲ್ಲಿ ಹದ್ದು ಅಥವಾ ಬಾಲ್ ಎಂದು ಓದಬೇಕಾಗಬಹುದು. ಯಾವ ಊರಿನ ಫಲಕ, ಯಾರ ಮನೆತನ ಎಂಬುದನ್ನು ನೋಡಿಯೇ ಓದನ್ನು ನಿರ್ಧರಿಸಬೇಕು. ಕೆಲವು ದೇವತೆಗಳನ್ನು ಅಂಕಿಯಲ್ಲೇ ಬರೆಯುತ್ತಿದ್ದರು. ತಿಂಗಳಿಗೆ ಮೂವತ್ತು ದಿನವಾದುದರಿಂದ ಚಂದ್ರದೇವ ಸಿನ್‌ನ ಅಂಕಿ 30. ಸೂರ್ಯದೇವ ಶಮಶ್‌ನದು 20. ಇಶ್ತಾರ್ ದೇವಿಯದು 15. ಸೆನ್ನಾಖೆರಿಬ್ ಎಂಬ ಅಸ್ಸೀರಿಯನ್ ಅರಸನ ಹೆಸರಿನ ಮೊದಲ ಭಾಗ ಅವನ ಶಾಸನಗಳಲ್ಲಿ 30 ಎಂದು ಇರುವುದು ಇದೇ ಕಾರಣಕ್ಕೆ. ಬ್ಯಾಬಿಲೋನ್ ನಗರದ ಹೆಸರನ್ನು “ಕ.ದಿಂಗಿರ್.ರ” ಎಂದು, ಅಂದರೆ ದೇವರ ಬಾಗಿಲು ಎಂದು ಬರೆದು ‘ಬಾಬಿಲಿಮ್’ ಎಂದು ಓದುತ್ತಿದ್ದರು. (ಬಾಗಿಲಿನ “ಕ” ಮತ್ತು ಬಾಯಿಯ “ಕ” ಬೇರೆ ಬೇರೆ ಚಿಹ್ನೆಗಳು.)

ಬೆಣೆಲಿಪಿಯನ್ನು ಮೊದಲು ಓದತೊಡಗಿದ 19ನೆಯ ಶತಮಾನದ ವಿದ್ವಾಂಸರನ್ನು ಈ ಹೆಸರುಗಳು ಬಹಳ ಕಾಡಿದವು. ಕ್ರಿ.ಪೂ. 605ರಿಂದ 562ರವರೆಗೆ ಆಳಿದ ನೆಬುಕದ್‌ನೆಜರ್‌ನ ಹೆಸರು ಫಲಕದಲ್ಲಿ ಧ್ವನಿಗಳಾಗಿ ಓದಿದರೆ ‘ಅನ್-ಅಕ್-ಶ-ದು-ಶಿಶ್’ ಎಂದಾಗುತ್ತಿತ್ತು. ಅದನ್ನೇ ‘ನಬೂ-ಕುದುರ್ರಿ-ಉಸುರ್’ ಎಂದು ಓದಬೇಕೆಂದು ಹೇಳಿದಾಗ, ಯಾವ ಚಿಹ್ನೆಯನ್ನಾದರೂ ಹೇಗೆ ಬೇಕಾದರೂ ಓದುವ ಈ ಶಾಸ್ತ್ರವನ್ನು ನಂಬುವುದು ಹೇಗೆ ಎಂಬ ಆಕ್ಷೇಪ ಬಂದುದು ಸಹಜವೇ. ವಾಸ್ತವವಾಗಿ ‘ಅನ್’ ದೇವತೆಯ ಗುರುತು, ‘ಅಕ್’ ಎಂಬುದು ನಬೂ ದೇವರ ಪದಚಿಹ್ನೆ, ನಡುವಿನ ಎರಡು ಚಿಹ್ನೆಗಳು ಉತ್ತರಾಧಿಕಾರಿ ಎಂಬ ಅರ್ಥದವು, ಕೊನೆಯದು ಕಾಪಾಡು ಎಂಬ ಅರ್ಥದ್ದು. ಇದೇ ಹೆಸರನ್ನು ಬೇರೆ ಬರಹಗಳಲ್ಲಿ ಧ್ವನಿಚಿಹ್ನೆಗಳಿಂದ ಬಿಡಿಸಿ ಬರೆದಿರುವುದು ಕಂಡುಬಂದಾಗ ಅನುಮಾನ ಕರಗಿತು.

ಮಹಾಕಾವ್ಯದ ನಾಯಕ ಗಿಲ್ಗಮೆಶ್‌ನ ಗತಿ ಇನ್ನೂ ವಿಚಿತ್ರ. ಅವನ ಹೆಸರಿನ “ಗಿಶ್.ಗಿನ್.ಮಶ್” ಎಂಬ ಮೂರು ಚಿಹ್ನೆಗಳಿಗೆ ‘ಇಜ್’, ‘ದು’, ‘ಬರ್’ ಎಂಬ ಬೆಲೆಗಳೂ ಇವೆ. ಜಾರ್ಜ್ ಸ್ಮಿತ್ 1872ರಲ್ಲಿ ಪ್ರಳಯದ ಕಥೆಯನ್ನು ಜಗತ್ತಿಗೆ ಪ್ರಕಟಿಸಿದಾಗ ನಾಯಕನನ್ನು ‘ಇಜ್ದುಬರ್’ ಎಂದು ಕರೆದರು. ಸುಮಾರು ಎರಡು ದಶಕ ಯುರೋಪಿನ ಪುಸ್ತಕಗಳಲ್ಲಿ ಅವನು ಇಜ್ದುಬರ್ ಆಗಿಯೇ ಇದ್ದನು. 1890ರಲ್ಲಿ ಥಿಯೋಫಿಲಸ್ ಪಿಂಚಸ್ ಎಂಬ ವಿದ್ವಾಂಸರು ಆ ಚಿಹ್ನೆಗಳ ಎದುರಿಗೆ ಗಿಲ್ಗಮೆಶ್ ಎಂದು ಧ್ವನಿಯಲ್ಲಿ ಬರೆದಿದ್ದ ಪ್ರಾಚೀನ ಪದಪಟ್ಟಿಯೊಂದನ್ನು ಕಂಡುಹಿಡಿದ ಮೇಲೆ ನಾಯಕನಿಗೆ ಅವನ ಹೆಸರು ಮರಳಿತು.

ಸುಮೇರಿಯನ್ ಇತ್ತೇ ಎಂಬ ವಿವಾದ

ಸುಮೇರೋಗ್ರಾಮ್‌ಗಳ ಅಸ್ತಿತ್ವವೇ ಸುಮೇರಿಯನ್ ಭಾಷೆಯ ಶೋಧಕ್ಕೆ ಕಾರಣವಾಯಿತು. ಬಾಯಿಗೆ ಅಕ್ಕಾಡಿಯನ್ನಿನಲ್ಲಿ ‘ಪೂ’ ಎನ್ನುತ್ತಾರೆ. ಬಾಯಿಯ ಚಿಹ್ನೆಗೆ ‘ಕ’ ಎಂಬ ಧ್ವನಿ ಎಲ್ಲಿಂದ ಬಂತು? ಇಂತಹ ಹೊಂದದ ಬೆಲೆಗಳನ್ನು ಗಮನಿಸಿದ ಐರ್ಲೆಂಡಿನ ಪಾದ್ರಿ ಎಡ್ವರ್ಡ್ ಹಿಂಕ್ಸ್, ಈ ಲಿಪಿಯನ್ನು ಕಟ್ಟಿದವರು ಸೆಮಿಟಿಕ್ ಭಾಷೆಯವರಲ್ಲ ಎಂದು 1850ರಲ್ಲಿಯೇ ವಾದಿಸಿದರು. 1857ರಲ್ಲಿ ಲಂಡನ್ನಿನ ರಾಯಲ್ ಏಷ್ಯಾಟಿಕ್ ಸೊಸೈಟಿಯು ಒಂದನೆಯ ತಿಗ್ಲತ್-ಪಿಲೆಸರ್‌ನ ಶಾಸನವನ್ನು ಹಿಂಕ್ಸ್, ಹೆನ್ರಿ ರಾಲಿನ್‌ಸನ್, ಫಾಕ್ಸ್ ಟಾಲ್ಬಟ್ ಮತ್ತು ಜೂಲ್ಸ್ ಓಪರ್ಟ್ ಎಂಬ ನಾಲ್ವರಿಂದ ಪ್ರತ್ಯೇಕವಾಗಿ ಅನುವಾದ ಮಾಡಿಸಿ ಹೋಲಿಸಿತು. ಅನುವಾದಗಳು ಮುಖ್ಯಾಂಶಗಳಲ್ಲಿ ಹೊಂದಿದವು. ಅಕ್ಕಾಡಿಯನ್ ಓದು ಸ್ಥಿರವಾಯಿತು. ಅದರ ಹಿಂದಿದ್ದ ಭಾಷೆಗೆ ಸುಮೇರಿಯನ್ ಎಂಬ ಹೆಸರನ್ನು ಓಪರ್ಟ್ 1869ರಲ್ಲಿ ಸೂಚಿಸಿದರು.

ಇದನ್ನು ಪ್ಯಾರಿಸ್ಸಿನ ವಿದ್ವಾಂಸ ಜೋಸೆಫ್ ಅಲೆವಿ 1874ರಿಂದ ಪಟ್ಟುಹಿಡಿದು ವಿರೋಧಿಸಿದರು. ಅವರ ಪ್ರಕಾರ ಸುಮೇರಿಯನ್ ಎಂಬ ಭಾಷೆ ಎಂದೂ ಇರಲಿಲ್ಲ. ಅದು ಸೆಮಿಟಿಕ್ ಪುರೋಹಿತರು ತಮ್ಮ ವಿದ್ಯೆಯನ್ನು ಗುಟ್ಟಾಗಿಡಲು ಹೂಡಿದ ಬರವಣಿಗೆಯ ತಂತ್ರ. ಇಂದು ಈ ವಾದ ನಗೆ ತರಿಸಬಹುದು. ಆದರೆ ಸುಮೇರೋಗ್ರಾಮ್‌ಗಳಿಂದ ತುಂಬಿದ ಅಕ್ಕಾಡಿಯನ್ ಫಲಕವೊಂದನ್ನು ನೋಡಿದವರಿಗೆ ಅದು ಪೂರ್ತಿ ಅಸಂಬದ್ಧವಾಗಿ ತೋರದು. ಬರೆದದ್ದು ಒಂದು, ಓದಿದ್ದು ಇನ್ನೊಂದು ಎಂಬುದು ಅಲ್ಲಿ ಕಣ್ಣಿಗೇ ಕಾಣುತ್ತದೆ. ಇರಾಕಿನ ತೆಲ್ಲೋದಲ್ಲಿ (ಪ್ರಾಚೀನ ಗಿರ್ಸು) 1877ರಿಂದ ನಡೆದ ಉತ್ಖನನದಲ್ಲಿ ಪೂರ್ಣವಾಗಿ ಸುಮೇರಿಯನ್ನಿನಲ್ಲೇ ಬರೆದ, ತನ್ನದೇ ವ್ಯಾಕರಣವುಳ್ಳ ಶಾಸನಗಳು ಹೇರಳವಾಗಿ ದೊರೆತ ಮೇಲೆ ಅಲೆವಿಯವರ ಪಕ್ಷ ಕ್ರಮೇಣ ಬರಿದಾಯಿತು.

ಪಾಠಶಾಲೆಯ ಪಟ್ಟಿಗಳು

ಸಾವಿರಾರು ವರ್ಷ ಈ ಪದ್ಧತಿಯನ್ನು ನಡೆಸಿಕೊಂಡು ಬಂದದ್ದು “ಎ.ದುಬ್.ಬ” ಎಂದು ಹೆಸರಾಗಿದ್ದ ಪಾಠಶಾಲೆ, ಇದರ ಅರ್ಥ ಫಲಕಗಳ ಮನೆ. ಹುಡುಗರು ಇಲ್ಲಿ ಚಿಹ್ನೆಗಳ ಮತ್ತು ಪದಗಳ ಪಟ್ಟಿಗಳನ್ನು ಬರೆದು ಬರೆದು ಕಂಠಪಾಠ ಮಾಡುತ್ತಿದ್ದರು. ‘ಉರ-ಹುಬುಲ್ಲು’ ಎಂದು ಹೆಸರಾದ ಪ್ರಸಿದ್ಧ ಪಟ್ಟಿ 24 ಫಲಕಗಳಷ್ಟಿದೆ. ಬಡ್ಡಿಸಾಲ ಎಂಬ ಪದದಿಂದ ಆರಂಭವಾಗಿ ಮರ, ಜೊಂಡು, ಮಡಕೆ, ಚರ್ಮ, ಲೋಹ, ಪ್ರಾಣಿ, ಕಲ್ಲು, ಸಸ್ಯ, ಊರು, ಆಹಾರಗಳವರೆಗೆ ಅದು ಸಾಗುತ್ತದೆ. ಎಡಗಡೆ ಸುಮೇರಿಯನ್, ಬಲಗಡೆ ಅಕ್ಕಾಡಿಯನ್. ಬೇರೆ ಪಟ್ಟಿಗಳು ಚಿಹ್ನೆಯ ಪಕ್ಕದಲ್ಲಿ ಅದರ ಸುಮೇರಿಯನ್ ಉಚ್ಚಾರಣೆಯನ್ನೂ ಧ್ವನಿಯಲ್ಲಿ ಕೊಡುತ್ತವೆ. ಗಿಲ್ಗಮೆಶ್‌ನ ಹೆಸರನ್ನು ಉಳಿಸಿದ್ದು ಇಂತಹ ಪದಪಟ್ಟಿಯೇ. ಸಿರಿಯಾದ ಉಗಾರಿತ್‌ನಲ್ಲಿ ಸುಮೇರಿಯನ್, ಅಕ್ಕಾಡಿಯನ್, ಹುರಿಯನ್, ಉಗಾರಿಟಿಕ್ ಎಂಬ ನಾಲ್ಕು ಭಾಷೆಗಳ ಪಟ್ಟಿಗಳು ದೊರೆತಿವೆ.

ಪಾಠ ಅರ್ಧ ಕಲಿತವರ ಬರಹವೂ ಇತಿಹಾಸಕ್ಕೆ ಉಪಕಾರ ಮಾಡಿದೆ. ಈಜಿಪ್ಟಿನ ಅಮರ್ನಾದಲ್ಲಿ 1887ರಲ್ಲಿ ದೊರೆತ, ಕ್ರಿ.ಪೂ. 14ನೆಯ ಶತಮಾನದ ರಾಜತಾಂತ್ರಿಕ ಪತ್ರಗಳಲ್ಲಿ ಕಾನಾನಿನ ಲಿಪಿಕಾರರು ಸುಮೇರೋಗ್ರಾಮ್ ಬರೆದು, ಓದುವವನಿಗೆ ತಿಳಿಯಲೆಂದು ಪಕ್ಕದಲ್ಲಿ ಒಂದು ಓರೆ ಬೆಣೆ ಹಾಕಿ ತಮ್ಮ ಮಾತಿನ ಪದವನ್ನು ಸೇರಿಸಿದ್ದಾರೆ. ಹಡಗಿನ ಸುಮೇರೋಗ್ರಾಮ್ ಪಕ್ಕದಲ್ಲಿ ‘ಅನಯಿ’, ಕೋಟೆಗೋಡೆಯದರ ಪಕ್ಕದಲ್ಲಿ ‘ಹುಮಿತು’ ಎಂದಿದೆ. ಹೀಬ್ರೂವಿನಲ್ಲಿ ಹಡಗಿಗೆ ‘ಓನಿಯಾ’, ಗೋಡೆಗೆ ‘ಹೋಮಾ’ ಎನ್ನುತ್ತಾರೆ. ಹೀಬ್ರೂ ಬರಹ ಆರಂಭವಾಗುವುದಕ್ಕೆ ಶತಮಾನಗಳ ಹಿಂದಿನ ಆ ಪ್ರದೇಶದ ಆಡುಮಾತು ಈ ಟಿಪ್ಪಣಿಗಳಲ್ಲಿ ಉಳಿದಿದೆ.

ಬೆಣೆಲಿಪಿಯ ಬಳಕೆ ಕ್ರಿ.ಶ. ಮೊದಲ ಶತಮಾನದವರೆಗೂ ಬ್ಯಾಬಿಲೋನಿನಲ್ಲಿ ನಡೆದಿತ್ತು; ಕಾಲ ಗುರುತಿಸಬಹುದಾದ ಕೊನೆಯ ಫಲಕಗಳು ಖಗೋಳಕ್ಕೆ ಸಂಬಂಧಿಸಿದವು, ಬಹುಪಾಲು ಸುಮೇರೋಗ್ರಾಮ್‌ಗಳಲ್ಲಿ ಬರೆದವು. ಸರಿಸುಮಾರು ಆ ಕೊನೆಯ ಕಾಲಕ್ಕೆ ಸೇರಿದ ಕೆಲವು ಚಿಕ್ಕ ಪಾಠಫಲಕಗಳ ಒಂದು ಮುಖದಲ್ಲಿ ಸುಮೇರಿಯನ್ ಮತ್ತು ಅಕ್ಕಾಡಿಯನ್ ಪಾಠ ಬೆಣೆಲಿಪಿಯಲ್ಲಿದೆ. ಫಲಕವನ್ನು ತಿರುಗಿಸಿದರೆ ಅದೇ ಪಾಠದ ಉಚ್ಚಾರಣೆ ಗ್ರೀಕ್ ಅಕ್ಷರಗಳಲ್ಲಿದೆ.